ಮುಚ್ಚಿಡಲಾಗದ ಮಾತು



ನಮ್ಮೂರಿನಲ್ಲಿ ನನ್ನ ಸೋದರತ್ತೆಯವರು ಎದೆಯ ಗಂಟನ್ನು ನಾಚಿಕೆಯಿಂದ ವರ್ಷಕಾಲ ಮರೆಮಾಡಿದರು, ನೋವಿಲ್ಲವೆಂದು ಸುಮ್ಮನಿದ್ದರು. ಅವರು ಉಳಿಯಲಿಲ್ಲ. ಭವಾನಿಪುರಂಗೆ ಬಂದು ನೆಲೆಸಿದ ಮೇಲೆ, ಇದೇ ಆಂಧ್ರದ ನಟಿ ಗೌತಮಿಯವರ ಜೀವನವನ್ನು ತಿಳಿದಾಗ ಆ ಮೌನದ ಬೆಲೆ ನನಗೆ ಅರಿವಾಯಿತು.

ವಿಶಾಖಪಟ್ಟಣದಲ್ಲಿ ಎಂಜಿನಿಯರಿಂಗ್ ಓದುತ್ತಿದ್ದ ಗೌತಮಿಯವರು ಚಿತ್ರರಂಗವನ್ನು ಸೇರಿ, 1988ರಲ್ಲಿ ಕನ್ನಡದ ‘ಏಳು ಸುತ್ತಿನ ಕೋಟೆ’ಯಲ್ಲಿಯೂ ನಟಿಸಿದರು, ಮುಂದೆ ಕಿರುತೆರೆಯಲ್ಲಿಯೂ ಕಾಣಿಸಿಕೊಂಡರು. 35ನೆಯ ವಯಸ್ಸಿನಲ್ಲಿ ಅವರಿಗೆ ಸ್ತನ ಕ್ಯಾನ್ಸರ್ ಬಂದೊದಗಿತು. ಗಂಟನ್ನು ತಾವೇ ಗುರುತಿಸಿ, ಚಿಕಿತ್ಸೆ ಪಡೆದು ಗುಣಹೊಂದಿದರು. ವ್ಯಾಧಿಯನ್ನು ಜನರೆದುರು ಹೆಸರಿಸಿ ಹೇಳಿದರು; ರೋಗಿಗಳ ನೆರವಿಗೆ ‘ಲೈಫ್ ಅಗೇನ್’ ಸಂಸ್ಥೆಯನ್ನು ಕಟ್ಟಿದರು. 2015ರಲ್ಲಿ ‘ಪಾಪನಾಶಂ’ ಎಂಬ ತಮಿಳು ಚಿತ್ರದಲ್ಲಿ ಮತ್ತೆ ನಟಿಸಿದರು.

ಮೊದಲಲ್ಲೇ ತಿಳಿದರೆ ಈ ರೋಗ ಬಹುಮಟ್ಟಿಗೆ ವಾಸಿಯಾಗುವುದು. ಈ ಪುಟವನ್ನು ನಿಮ್ಮ ತಾಯಂದಿರಿಗೆ ಓದಿ ಹೇಳಿರಿ.