ಎಮ್ಡನ್ ಏರದ ನಾವಿಕ

ಕೊಚ್ಚಿಗೆ ವರ್ಗವಾಗಿ ಬಂದ ಮೊದಲ ವಾರ. ಸಹೋದ್ಯೋಗಿಯೊಬ್ಬರು ಹಳೆಯ ಕಡತಗಳ ಕಟ್ಟೊಂದನ್ನು ನನ್ನ ಮೇಜಿನ ಮೇಲಿಳಿಸಿ, ‘ಎಮಂಡನ್ ಫೈಲ್, ಸಾರ್’ ಎಂದು ನಕ್ಕರು. ಭಾರೀ ಗಾತ್ರದ್ದು, ನೋಡಿದರೆ ದಿಗಿಲಾಗುವಂಥದು ಎಂದರ್ಥ. ಎಮ್ಡನ್ ಎಂಬ ಜರ್ಮನ್ ಯುದ್ಧನೌಕೆಯಿಂದ ಈ ಮಾತು ಹುಟ್ಟಿತೆಂದು ಇಲ್ಲಿನವರು ಹೇಳುತ್ತಾರೆ. 1914ರ ಸೆಪ್ಟೆಂಬರ್ 22ರ ರಾತ್ರಿ ಮದರಾಸಿನ ಮೇಲೆ ಗುಂಡು ಹಾರಿಸಿ, ಬರ್ಮಾ ಆಯಿಲ್ ಕಂಪನಿಯ ತೈಲದ ತೊಟ್ಟಿಗಳಿಗೆ ಬೆಂಕಿಯಿಟ್ಟು ಕತ್ತಲಲ್ಲಿ ಮರೆಯಾದ ಹಡಗು ಅದು. ‘ಅದರಲ್ಲಿ ನಮ್ಮ ತಿರುವನಂತಪುರದ ಅಧಿಕಾರಿಯೊಬ್ಬರಿದ್ದರು’ ಎಂದೂ ಅವರು ಸೇರಿಸಿದರು.

ಆ ಅಧಿಕಾರಿಯ ಹೆಸರು ಚೆಂಪಕರಾಮನ್ ಪಿಳ್ಳೆ. 1891ರಲ್ಲಿ ತಿರುವನಂತಪುರದಲ್ಲಿ, ನಾಂಜಿನಾಡು ಮೂಲದ ತಮಿಳು ಕುಟುಂಬದಲ್ಲಿ ಜನನ. ತಂದೆ ತಿರುವಾಂಕೂರು ಪೊಲೀಸ್ ಇಲಾಖೆಯವರು. ವಾಲ್ಟರ್ ಸ್ಟ್ರಿಕ್‌ಲ್ಯಾಂಡ್ ಎಂಬ ಇಂಗ್ಲಿಷ್ ನಿಸರ್ಗವಿಜ್ಞಾನಿಯ ಸಂಗಡ ಹದಿಹರೆಯದಲ್ಲೇ ಯುರೋಪಿಗೆ ಹೊರಟ ಹುಡುಗ ಮತ್ತೆ ಈ ಮಣ್ಣನ್ನು ಕಾಣಲಿಲ್ಲ.

ನೌಕೆಯ ಕಥೆಯನ್ನು ನಾನೂ ಬಹುಕಾಲ ನಂಬಿದ್ದೆ. ಆದರೆ ದಿನಾಂಕಗಳು ಒಪ್ಪುವುದಿಲ್ಲ. ಎಮ್ಡನ್ ಯುದ್ಧ ಆರಂಭವಾದಾಗ ಚೀನಾದ ಕಡಲಲ್ಲಿತ್ತು; ನವೆಂಬರ್ 9ರಂದು ಕೋಕೋಸ್ ದ್ವೀಪಗಳ ಬಳಿ ಆಸ್ಟ್ರೇಲಿಯಾದ ‘ಸಿಡ್ನಿ’ ಅದನ್ನು ಕೆಡವಿತು. ಪಿಳ್ಳೆ ಆ ಸೆಪ್ಟೆಂಬರಿನಲ್ಲಿ ಜ್ಯೂರಿಕ್‌ನಲ್ಲಿದ್ದುಕೊಂಡು, ಬ್ರಿಟಿಷ್ ವಿರೋಧಿ ಸಾಹಿತ್ಯವನ್ನು ಜರ್ಮನಿಯಲ್ಲಿ ಪ್ರಕಟಿಸಲು ಅಲ್ಲಿನ ಜರ್ಮನ್ ಕಾನ್ಸಲ್‌ರ ಅನುಮತಿ ಕೋರುತ್ತಿದ್ದರು. ಮರುತಿಂಗಳು ಬರ್ಲಿನ್ ಸೇರಿದರು. ಒಬ್ಬ ಮನುಷ್ಯ ಎರಡು ಸಾಗರಗಳಾಚೆ ಏಕಕಾಲಕ್ಕೆ ಇರಲಾರ.

ಅವರ ನಿಜವಾದ ಕೆಲಸ ನಡೆದದ್ದು ನೆಲದ ಮೇಲೆಯೇ: ಜರ್ಮನ್ ವಿದೇಶಾಂಗ ಇಲಾಖೆಯ ಬೆಂಬಲದ ಬರ್ಲಿನ್ ಸಮಿತಿಯಲ್ಲಿ, ಕರಪತ್ರ, ಹಣ, ಗುಪ್ತ ಸಂದೇಶಗಳ ನಡುವೆ. 1915ರ ಡಿಸೆಂಬರಿನಲ್ಲಿ ಕಾಬೂಲಿನಲ್ಲಿ ರಾಜಾ ಮಹೇಂದ್ರ ಪ್ರತಾಪರ ನೇತೃತ್ವದಲ್ಲಿ ಘೋಷಣೆಯಾದ ತಾತ್ಕಾಲಿಕ ಸರ್ಕಾರದ ವಿದೇಶಾಂಗ ಸಚಿವರೆಂದು ಇವರ ಹೆಸರಿದೆ. ಎಂ.ಎ. ತರಗತಿಯಲ್ಲಿ ಸಾಮರ್‌ಸೆಟ್ ಮಾಮ್‌ನ ‘ಆ್ಯಶೆಂಡೆನ್’ ಓದಿದಾಗ ನನಗೆ ಇದಾವುದೂ ತಿಳಿದಿರಲಿಲ್ಲ. ಸ್ವಿಟ್ಜರ್ಲೆಂಡಿನಲ್ಲಿ ಸ್ವತಃ ಬ್ರಿಟನ್ನಿನ ಗೂಢಚಾರನಾಗಿದ್ದ ಮಾಮ್, ಅದರಲ್ಲಿ ಚಂದ್ರಲಾಲ್ ಎಂಬ ಭಾರತೀಯ ಕ್ರಾಂತಿಕಾರಿಯನ್ನು ಬಲೆಗೆ ಕೆಡವುವ ಕಥೆ ಹೇಳುತ್ತಾನೆ. ಆ ಪಾತ್ರದ ಹಿಂದಿರುವವರು ಪಿಳ್ಳೆಯವರ ಸಮಿತಿಯ ವೀರೇಂದ್ರನಾಥ ಚಟ್ಟೋಪಾಧ್ಯಾಯ, ಸರೋಜಿನಿ ನಾಯ್ಡು ಅವರ ತಮ್ಮ. ನಾವು ಅಂದು ಆ ಕಥೆಯ ಶೈಲಿಯನ್ನು ಮೆಚ್ಚಿ ಟಿಪ್ಪಣಿ ಬರೆದೆವು. ಬೇಟೆಗಾರನ ಪಕ್ಕದಲ್ಲಿ ಕುಳಿತು ಬೇಟೆಯನ್ನು ನೋಡುತ್ತಿದ್ದೇವೆಂದು ಯಾರಿಗೂ ಹೊಳೆಯಲಿಲ್ಲ.

1934ರಲ್ಲಿ ಪಿಳ್ಳೆ ಬರ್ಲಿನ್ನಿನಲ್ಲಿ ತೀರಿಕೊಂಡರು. ಸ್ವತಂತ್ರ ಭಾರತದ ಬಾವುಟ ಹೊತ್ತ ಯುದ್ಧನೌಕೆಯಲ್ಲೇ ಮರಳಬೇಕೆಂಬುದು ಅವರ ಆಸೆಯಾಗಿತ್ತು. ಚಿತಾಭಸ್ಮದ ಒಂದು ಪಾಲು ತಾಯಿಯ ಅಸ್ಥಿ ಸೇರಿದ ಕರಮನ ನದಿಗೆ, ಇನ್ನೊಂದು ನಾಂಜಿನಾಡಿನ ಗದ್ದೆಗಳಿಗೆ. ಪತ್ನಿ ಲಕ್ಷ್ಮೀಬಾಯಿ ಆ ಭಸ್ಮವನ್ನು ಮುಂಬಯಿಗೆ ತಂದು ಮೂರು ದಶಕ ಕಾಪಾಡಿಕೊಂಡರು. 1966ರಲ್ಲಿ ‘ಐಎನ್ಎಸ್ ದೆಹಲಿ’ ಅದನ್ನು ಕೊಚ್ಚಿಗೆ ತಂದಿತು. ಆ ಹಡಗು ಹಿಂದೆ ‘ಅಕಿಲೀಸ್’ ಎಂಬ ಹೆಸರಿನಲ್ಲಿ, 1939ರಲ್ಲಿ ಜರ್ಮನಿಯ ‘ಗ್ರಾಫ್ ಸ್ಪೀ’ಯ ವಿರುದ್ಧ ಕಾದಾಡಿದ್ದುದು. ಅಷ್ಟರಲ್ಲಿ ನಾಂಜಿನಾಡು ಕೇರಳದಲ್ಲಿರಲಿಲ್ಲ. ಕಾಸರಗೋಡು ನಮ್ಮಿಂದ ದೂರವಾದ 1956ರ ನವೆಂಬರ್ 1ರಂದೇ ಅದು ಮದರಾಸಿಗೆ ಸೇರಿತ್ತು. ನದಿ ಒಂದು ರಾಜ್ಯದಲ್ಲಿ, ಗದ್ದೆ ಇನ್ನೊಂದರಲ್ಲಿ.

ಮೂರು ವರ್ಷಗಳ ಹಿಂದೆ ನನ್ನ ತಾಯಿ ಕೊಚ್ಚಿಯ ವಸತಿಗೃಹದಲ್ಲೇ ಕಣ್ಣು ಮುಚ್ಚಿದರು. ‘ಎಲ್ಲಿ ಸುಟ್ಟರೂ ಸರಿ, ಬೂದಿಯನ್ನು ಮಾತ್ರ ಉಪ್ಪಿನಂಗಡಿಗೆ ಒಯ್ಯಪ್ಪ’ ಎಂದಿದ್ದರು. ರಾತ್ರಿಯ ರೈಲಿನಲ್ಲಿ ಮಡಕೆಯನ್ನು ಮಡಿಲಲ್ಲಿಟ್ಟು ಕುಳಿತಿದ್ದೆ. ಪಕ್ಕದವರು ಏನೆಂದು ಕೇಳಿದಾಗ, ಯಾಕೋ, ಉಪ್ಪಿನಕಾಯಿ ಎಂದುಬಿಟ್ಟೆ. ಕಾಸರಗೋಡು ಬಂದಾಗ ಇನ್ನೂ ಬೆಳಕು ಹರಿದಿರಲಿಲ್ಲ.

ಕಳೆದ ತಿಂಗಳು ಕಚೇರಿ ಕೆಲಸಕ್ಕೆ ತಿರುವನಂತಪುರಕ್ಕೆ ಹೋದವನು ಕರಮನ ಸೇತುವೆಯ ಬಳಿ ಇಳಿದುಕೊಂಡೆ. ನಾಗರಕೋಯಿಲಿಗೆ ಹೋಗುವ ಬಸ್ಸುಗಳು ಒಂದರ ಹಿಂದೊಂದು ಸಾಗುತ್ತಿದ್ದವು. ಕೆಳಗೆ ಹೊಳೆ ಕೆಂಪಗಿತ್ತು, ಮಳೆಯ ನೀರು.