ಸದ್ದು ಹಿಡಿದವರು

ಸಿನಿಮಾ ನೋಡಿದೆವು ಎನ್ನುತ್ತೇವೆ. ಕೇಳಿದೆವು ಎಂದು ಯಾರೂ ಹೇಳುವುದಿಲ್ಲ. ನಾಯಕಿಯ ಸೀರೆಯ ಅಂಚು ಕೂಡ ನೆನಪಿರುತ್ತದೆ. ಬಾಗಿಲು ಕಿರ್ರೆಂದ ಸದ್ದನ್ನು ಹಿಡಿದಿಟ್ಟವರ ಹೆಸರು ಯಾರಿಗೆ ಬೇಕು?

ಜಪಾನಿನ ಫುಮಿಯೊ ಯಾನೊಗುಚಿ ಅಂಥವರಲ್ಲೊಬ್ಬರು. ನಿರ್ದೇಶಕ ಅಕಿರಾ ಕುರೊಸಾವಾ ಅವರ ಹೆಸರು ನಮ್ಮಲ್ಲಿಯೂ ಎಷ್ಟೋ ಮಂದಿಗೆ ಗೊತ್ತು. 1949ರ ‘ಸ್ಟ್ರೇ ಡಾಗ್’ನಿಂದ 1985ರ ‘ರಾನ್’ವರೆಗೆ ಅವರ ಹಲವು ಚಿತ್ರಗಳ ಶಬ್ದಗ್ರಹಣ ಯಾನೊಗುಚಿಯವರದು.

‘ಸ್ಟ್ರೇ ಡಾಗ್’ನ ಕೊನೆಯಲ್ಲಿ ಪೊಲೀಸನೂ ಕೊಲೆಗಾರನೂ ಎದುರುಬದುರಾಗುತ್ತಾರೆ. ಹತ್ತಿರದ ಮನೆಯಲ್ಲಿ ಒಬ್ಬಾಕೆ ಪಿಯಾನೊ ಅಭ್ಯಾಸ ಮಾಡುತ್ತಿದ್ದಾಳೆ. ಗುಂಡಿನ ಸದ್ದಿಗೆ ಎದ್ದು, ಕಿಟಕಿಯಲ್ಲಿ ಇಣುಕಿ, ಮತ್ತೆ ನುಡಿಸಲು ಕೂರುತ್ತಾಳೆ. ಆಮೇಲೆ ಇಬ್ಬರೂ ಏದುಸಿರು ಬಿಡುತ್ತ ನೆಲಕ್ಕೆ ಬಿದ್ದಿರುವಾಗ ಮಕ್ಕಳ ಹಾಡು ತೇಲಿ ಬರುತ್ತದೆ. ಕೊಲೆಗಾರ ಗೋಳೋ ಎಂದು ಅಳುತ್ತಾನೆ. ಒಬ್ಬರ ಬದುಕು ಮುರಿಯುವ ಹೊತ್ತಿಗೂ ಪಕ್ಕದ ಮನೆಯಲ್ಲಿ ಒಗ್ಗರಣೆ ಸಿಡಿಯುತ್ತಲೇ ಇರುತ್ತದೆಯಲ್ಲವೆ?

1952ರ ‘ಇಕಿರು’ ಚಿತ್ರದಲ್ಲಿ ನಗರಸಭೆಯ ಮುದುಕ ಅಧಿಕಾರಿಯೊಬ್ಬನಿಗೆ ಹೊಟ್ಟೆಯ ಕ್ಯಾನ್ಸರ್. ಅದು ತಿಳಿದು ಆಸ್ಪತ್ರೆಯಿಂದ ಹೊರಬಂದವನು ಬೀದಿಯಲ್ಲಿ ನಡೆಯುತ್ತಾನೆ. ಬೀದಿ ತುಂಬ ಓಡಾಟ, ಆದರೆ ಒಂದಿಷ್ಟೂ ಸದ್ದಿಲ್ಲ. ಫಕ್ಕನೆ ಲಾರಿಯೊಂದು ಹಾದು, ಜಗತ್ತಿನ ಗದ್ದಲವೆಲ್ಲ ಒಮ್ಮೆಲೇ ಮೇಲೆ ಬೀಳುತ್ತದೆ. ನಮ್ಮ ತಂದೆ ತೀರಿಕೊಂಡ ಸುದ್ದಿ ಶಾಲೆಗೆ ಬಂದಾಗ ಎದುರಿಗೆ ಐವತ್ತು ಮಕ್ಕಳು ಮಗ್ಗಿ ಒಪ್ಪಿಸುತ್ತಿದ್ದರು. ನನಗೆ ಅವರ ಬಾಯಿಗಳು ಮಾತ್ರ ಕಂಡವು. ಆ ಮೌನವನ್ನು ಇನ್ನೊಬ್ಬರು ಬಲ್ಲರು ಎಂಬುದೇ ಒಂದು ಸಮಾಧಾನ.

ಮ್ಯಾಕ್‌ಬೆತ್ ಕಥೆಯ ‘ಥ್ರೋನ್ ಆಫ್ ಬ್ಲಡ್’ (1957) ಚಿತ್ರದಲ್ಲಿ ಗಂಡನನ್ನು ಕೊಲೆಗೆ ಹುರಿದುಂಬಿಸುವ ಹೆಂಡತಿ ಕತ್ತಲ ಕೋಣೆಗೆ ಹೋಗಿಬರುತ್ತಾಳೆ. ಕೇಳಿಸುವುದು ಅವಳ ಕಿಮೊನೊ ಸರಭರ ಮಾತ್ರ. ಮದುವೆಮನೆಯಲ್ಲಿ ನಮಗೆ ಸಂಭ್ರಮ ತರುವ ರೇಷ್ಮೆಯ ಸದ್ದು ಅಲ್ಲಿ ಎದೆ ನಡುಗಿಸುತ್ತದೆ.

‘ರಾನ್’ನಲ್ಲಿ ಕೋಟೆ ಉರಿಯುತ್ತದೆ, ಸೈನಿಕರು ಸಾಯುತ್ತಾರೆ. ಚೀರಾಟವಿಲ್ಲ, ಕುದುರೆಗಳ ಖುರಪುಟವಿಲ್ಲ. ತೋರು ತಾಕೆಮಿತ್ಸು ಅವರ ಸಂಗೀತವೊಂದೇ. ಕೊನೆಗೊಂದು ಗುಂಡು ಸಿಡಿದಾಗ ಯುದ್ಧದ ಸದ್ದೆಲ್ಲ ನುಗ್ಗಿಬರುತ್ತದೆ. ಇಂಥ ಕಡೆ ಯೋಚನೆ ನಿರ್ದೇಶಕರದು ಎನ್ನಬಹುದು. ಆದರೆ ಅಡುಗೆಯಲ್ಲಿ ಉಪ್ಪು ಎಷ್ಟು ಬೇಕೆಂಬುದು ಹಾಕುವ ಕೈಗೇ ಗೊತ್ತು.

ಆ ಚಿತ್ರ ತೆರೆಗೆ ಬರುವಾಗ ಯಾನೊಗುಚಿ ಇರಲಿಲ್ಲ. ಕೆಲಸ ಮುಗಿಯುವ ಮೊದಲೇ, 1985ರ ಜನವರಿಯಲ್ಲಿ, ತೀರಿಕೊಂಡರು. ಅದೇ ಚಿತ್ರದ ನಡುವೆ ಕುರೊಸಾವಾ ಅವರ ಪತ್ನಿ ಯೋಕೊ ಅವರೂ ಹೋದರು. ಚಿತ್ರೀಕರಣ ನಿಂತದ್ದು ಒಂದೇ ದಿನವಂತೆ. ಹದಿಮೂರು ದಿನದ ಲೆಕ್ಕ ಬಲ್ಲ ನನ್ನ ಮನಸ್ಸು ಇದನ್ನು ಇನ್ನೂ ಒಪ್ಪಿಲ್ಲ. ಕೆಲಸವೇ ಅವರ ಅಳುವಾಗಿತ್ತೋ ಏನೋ.

ಚಿತ್ರ ಮುಗಿದು ಹೆಸರುಗಳು ಮೇಲೇರುವಾಗ ನಾವು ಚಪ್ಪಲಿ ಹುಡುಕುತ್ತಿರುತ್ತೇವೆ. ಎರಡು ನಿಮಿಷ ಕೂತು ಓದಿದರೆ ಬಸ್ಸೇನೂ ತಪ್ಪದು.