ಕೆಂಪು ದೀಪ

ಮಳೆಗಾಲದ ಒಂದು ಸಂಜೆ. ಯಲಹಂಕದ ನಮ್ಮ ಮನೆಯ ಗಣಕಯಂತ್ರಕ್ಕೆ ಅಂತರಜಾಲ ದೊರೆಯಲಿಲ್ಲ. ಮೊಮ್ಮಗಳ ವಿದ್ಯಾರ್ಥಿವೇತನದ ಅರ್ಜಿಗೆ ಅಂದೇ ಕಡೆಯ ದಿನ! ನಾನು ಮಳೆಯನ್ನು ದೂರಿದೆ. ಸಂಪರ್ಕ ಕೊಟ್ಟವರನ್ನೂ ದೂರಿದೆ. ಅವಳು ಶಾಂತಳಾಗಿ, "ತಾತ, ಮೊದಲು ಮನೆಯೊಳಗೆ ನೋಡೋಣ" ಎಂದಳು.

ರೌಟರಿನಲ್ಲಿ ಕೆಂಪು ದೀಪ ಮಿನುಗುತ್ತಿತ್ತು. ಎಂದರೆ, ಹೊರಗಿನಿಂದ ಬೆಳಕು ಬರುತ್ತಿಲ್ಲ. ತಂತಿಯೆಂದು ನಾವು ಕರೆಯುವುದರೊಳಗಿರುವುದು ಕೂದಲಿನಷ್ಟು ತೆಳುವಾದ ಗಾಜಿನ ಎಳೆ. ಅದರಲ್ಲಿ ಸುದ್ದಿಯು ಬೆಳಕಾಗಿ ಹರಿಯುತ್ತದೆ. ಎಳೆ ಅತಿಯಾಗಿ ಬಾಗಿದರೆ ಬೆಳಕು ಸೋರಿಹೋಗುತ್ತದೆ. ಅದರ ಜಾಡು ಹಿಡಿದು ಹೋದೆವು. ಮಧ್ಯಾಹ್ನ ನಾನೇ ಸರಿಸಿದ್ದ ಪುಸ್ತಕದ ಕಪಾಟು ಅದನ್ನು ಗೋಡೆಗೊತ್ತಿ ಬಾಗಿಸಿತ್ತು!

ಕಪಾಟನ್ನು ಈಚೆಗೆಳೆದೆವು. ಸ್ವಲ್ಪ ಹೊತ್ತಿಗೆ ಹಸಿರು ದೀಪ ಬೆಳಗಿತು, ಅರ್ಜಿಯೂ ಹೋಯಿತು. ತಪ್ಪನ್ನು ಮೊದಲು ತನ್ನಲ್ಲಿ ಹುಡುಕಬೇಕೆಂದು ಮೂವತ್ತು ವರ್ಷ ಪಾಠ ಹೇಳಿದವನು ನಾನು. ಅದನ್ನು ಕಲಿತದ್ದು ಮಾತ್ರ ಅಂದು.